ಮೊದಲ ಅಪೀಲಿನಲ್ಲಿ ಸೋತ ಭಾಗದ ದಾವೆ: ಹೈಕೋರ್ಟಿಗೆ ಆರ್‌ಎಸ್‌ಎ (ಎರಡನೇ ಅಪೀಲು) ಹಾಕಲು ಏನೇನು ಬೇಕು?

ತೆಂಗಿನತೋಟ:
ತುಮಕೂರು ಜಿಲ್ಲೆಯ ಒಂದು ಭಾಗದ ದಾವೆಯ ಬಗ್ಗೆ ತಿಳಿದವರು ಹೇಳಬೇಕು. ಜಮೀನು 2 ಎಕರೆ 14 ಗುಂಟೆ. ತಾಯಿ ಮೊದಲೇ ಇಲ್ಲ, ತಂದೆ ತೀರಿಕೊಂಡದ್ದು 2006ರಲ್ಲಿ. ಇಬ್ಬರು ಹೆಣ್ಣುಮಕ್ಕಳು ಅಣ್ಣನ ಮೇಲೆ ಹಾಕಿದ ಒಎಸ್‌ನಲ್ಲಿ (ಮೂಲ ದಾವೆಯಲ್ಲಿ) ಮೂವರಿಗೂ ಮೂರನೇ ಒಂದು ಭಾಗ ಅಂತ ಡಿಕ್ರಿ ಆಯಿತು. ಅಣ್ಣ ಆರ್‌ಎ (ಮೊದಲ ಅಪೀಲು) ಹಾಕಿದರು. ತಂದೆ 1998ರಲ್ಲಿ ಇಡೀ ಜಮೀನನ್ನು ಮಗನಿಗೆ ವಿಲ್ ಮಾಡಿದ್ದಾರೆ, ವಿಲ್ ನೋಂದಣಿಯಾಗಿದೆ ಎಂದು ಹಿರಿಯ ಸಿವಿಲ್ ಜಡ್ಜ್ ಕೋರ್ಟು ದಾವೆಯನ್ನೇ ವಜಾ ಮಾಡಿದೆ. ತೀರ್ಪು ಬಂದದ್ದು ಜೂನ್ 10ಕ್ಕೆ. ಹೈಕೋರ್ಟಿನಲ್ಲಿ ಮತ್ತೆ ಮೊದಲಿಂದ ಎಲ್ಲ ವಾದ ಮಾಡಬಹುದಾ? ಎಷ್ಟು ದಿನದೊಳಗೆ ಹೋಗಬೇಕು? ಸ್ಟೇ ಸಿಗುತ್ತಾ?

ಅಪೀಲು_ಕಡತ:
ಮೊದಲ ಪ್ರಶ್ನೆಗೆ ಉತ್ತರ, ಇಲ್ಲ. ಎಲ್ಲರೂ ಎಡವುವುದು ಇಲ್ಲೇ, ಅದಕ್ಕೇ ಸ್ವಲ್ಪ ಬಿಡಿಸಿ ಹೇಳುತ್ತೇನೆ.

ಮೊದಲ ಅಪೀಲು ಸಿವಿಲ್ ಪ್ರಕ್ರಿಯಾ ಸಂಹಿತೆಯ 96ನೇ ಕಲಂ ಕೆಳಗೆ ಬರುತ್ತದೆ. ಅಲ್ಲಿ ಸಾಕ್ಷ್ಯವನ್ನೆಲ್ಲ ಹೊಸದಾಗಿ ತೂಗಿ ನೋಡಬಹುದು. ಎರಡನೇ ಅಪೀಲು 100ನೇ ಕಲಂ ಕೆಳಗೆ. 1976ರ ತಿದ್ದುಪಡಿ 1-2-1977ರಂದು ಜಾರಿಗೆ ಬಂದ ಮೇಲೆ ಹೈಕೋರ್ಟಿನ ಬಾಗಿಲು ತೆರೆಯುವುದು ಒಂದೇ ಕೀಲಿಗೆ: ಮಹತ್ವದ ಕಾನೂನು ಪ್ರಶ್ನೆ, ಕೋರ್ಟಿನ ಮಾತಿನಲ್ಲಿ ಸಬ್‌ಸ್ಟ್ಯಾನ್ಷಿಯಲ್ ಕ್ವೆಶ್ಚನ್ ಆಫ್ ಲಾ. ಅದನ್ನು ಮೇಲ್ಮನವಿಯಲ್ಲೇ ಖಚಿತವಾಗಿ ಬರೆದಿರಬೇಕು ಎನ್ನುತ್ತದೆ ಉಪಕಲಂ 3. ಅಂಥ ಪ್ರಶ್ನೆ ಇದೆ ಎಂದು ಮನವರಿಕೆಯಾದರೆ ಹೈಕೋರ್ಟು ಅದನ್ನು ರೂಪಿಸಬೇಕು, ಇದು ಉಪಕಲಂ 4. ಅಪೀಲು ನಡೆಯುವುದು ಆ ಪ್ರಶ್ನೆಯ ಮೇಲೆ. ಎದುರಾಳಿ ಅಂತಿಮ ವಿಚಾರಣೆಯಲ್ಲೂ ಎದ್ದು ನಿಂತು "ಇದರಲ್ಲಿ ಅಂಥ ಪ್ರಶ್ನೆಯೇ ಇಲ್ಲ" ಎನ್ನಬಹುದು. ಬೇರೊಂದು ಕಾನೂನು ಪ್ರಶ್ನೆ ಇದೆ ಎನಿಸಿದರೆ ನ್ಯಾಯಾಲಯ ಕಾರಣ ಬರೆದು ಅದನ್ನೂ ಕೈಗೆತ್ತಿಕೊಳ್ಳಬಹುದು.

ಆದ್ದರಿಂದ "ತೀರ್ಪು ತಪ್ಪು, ಅನ್ಯಾಯ ಆಗಿದೆ" ಎಂದರೆ ಸಾಲದು. ಯಾವ ಕಲಂ, ಯಾವ ದಾಖಲೆ, ಎಲ್ಲಿ ಕಾನೂನು ದಾರಿ ತಪ್ಪಿತು ಎಂದು ಬೊಟ್ಟು ಮಾಡಿ ತೋರಿಸಬೇಕು. ನಿಮ್ಮ ಪ್ರಕರಣದಲ್ಲಿ ಹಾಗೆ ತೋರಿಸಲು ಜಾಗ ಇರುವಂತೆ ಕಾಣುತ್ತದೆ. ಎರಡು ವಿಷಯ ತಿಳಿಸಿ. ವಿಲ್‌ಗೆ ಸಹಿ ಹಾಕಿದ ಸಾಕ್ಷಿಗಳಲ್ಲಿ ಯಾರನ್ನಾದರೂ ಕೋರ್ಟಿನಲ್ಲಿ ವಿಚಾರಣೆ ಮಾಡಿದ್ದಾರಾ? ಜಮೀನು ತಂದೆಯ ಸ್ವಯಾರ್ಜಿತವೋ ಪಿತ್ರಾರ್ಜಿತವೋ?

ತೆಂಗಿನತೋಟ:
ಸಾಕ್ಷಿ ಹಾಕಿದ ಇಬ್ಬರನ್ನೂ ಕರೆಸಿಲ್ಲ. ಪತ್ರ ಬರೆದವರನ್ನು ಮಾತ್ರ ಡಿಡಬ್ಲ್ಯು 2 (ಪ್ರತಿವಾದಿ ಕಡೆಯ ಎರಡನೇ ಸಾಕ್ಷಿ) ಅಂತ ವಿಚಾರಣೆ ಮಾಡಿದ್ದಾರೆ. ಜಮೀನು ಅಜ್ಜನಿಂದ ಬಂದದ್ದು, ಲಿಖಿತ ಹೇಳಿಕೆಯಲ್ಲಿ ಅಣ್ಣನೇ ಅದನ್ನು ಒಪ್ಪಿದ್ದಾರೆ.

ನಕಲು_ವಿಭಾಗ:
ವಿಲ್ ವಿಷಯ ಉಳಿದವರು ಹೇಳಲಿ. ನಾನು ದಿನಗಳ ಲೆಕ್ಕ ಹೇಳುತ್ತೇನೆ, ಯಾಕೆಂದರೆ ಒಳ್ಳೆಯ ಪ್ರಶ್ನೆ ಕೈಯಲ್ಲಿದ್ದೂ ದಿನ ಮೀರಿಸಿಕೊಂಡ ಕಡತಗಳು ಕಡಿಮೆ ಇಲ್ಲ.

ಕಾಲಮಿತಿ ಕಾಯಿದೆಯ 116ನೇ ಅನುಚ್ಛೇದದ ಪ್ರಕಾರ ಹೈಕೋರ್ಟಿಗೆ ಅಪೀಲು ಹಾಕಲು 90 ದಿನ. ತೀರ್ಪಿನ ದಿನ ಎಣಿಕೆಗೆ ಇಲ್ಲ. ಜೂನ್ 11ರಿಂದ ಎಣಿಸಿದರೆ ಜೂನ್‌ನಲ್ಲಿ 20, ಜುಲೈನಲ್ಲಿ 31, ಆಗಸ್ಟ್‌ನಲ್ಲಿ 31, ಒಟ್ಟು 82. ಉಳಿದ 8 ಸೇರಿ ಸೆಪ್ಟೆಂಬರ್ 8ಕ್ಕೆ 90 ಮುಗಿಯುತ್ತದೆ. ಇದಕ್ಕೆ ದೃಢೀಕೃತ ನಕಲು ಪಡೆಯಲು ಬೇಕಾದ ಕಾಲವನ್ನು 12ನೇ ಕಲಂ ಪ್ರಕಾರ ಸೇರಿಸಿಕೊಳ್ಳಬಹುದು.

ಈಗ ನಕಲಿನ ಕೊನೆಯ ಹಾಳೆ ತಿರುಗಿಸಿ ನೋಡಿ. ಅಲ್ಲಿ ಒಂದು ಮೊಹರಿನೊಳಗೆ ಸಾಲಾಗಿ ದಿನಾಂಕಗಳಿರುತ್ತವೆ: ಅರ್ಜಿ ಕೊಟ್ಟ ದಿನ, ಶುಲ್ಕ ಕೇಳಿದ ದಿನ, ಕಟ್ಟಿದ ದಿನ, ನಕಲು ಸಿದ್ಧವಾದ ದಿನ, ಪಡೆದ ದಿನ. ಕೈಬರಹದಲ್ಲಿ ತುಂಬಿರುತ್ತಾರೆ, ಎಷ್ಟೋ ಸಲ ಮಸುಕಾಗಿರುತ್ತದೆ. ಲೆಕ್ಕಕ್ಕೆ ಸಿಗುವುದು ಅರ್ಜಿ ಕೊಟ್ಟ ದಿನದಿಂದ ನಕಲು ಸಿದ್ಧವಾದ ದಿನದವರೆಗೆ ಮಾತ್ರ. ಸಿದ್ಧವಾದ ಮೇಲೆ ನೀವು ಹೋಗಿ ತರದೆ ಬಿಟ್ಟ ದಿನಗಳು ನಿಮ್ಮ ತಲೆ ಮೇಲೇ. ಶುಲ್ಕ ಕೇಳಿದ ಮೇಲೆ ಕಟ್ಟಲು ತಡಮಾಡಿದ ದಿನಗಳೂ ಅಷ್ಟೇ.

ಉದಾಹರಣೆಗೆ ಜೂನ್ 16ಕ್ಕೆ ಅರ್ಜಿ, ಜೂನ್ 30ಕ್ಕೆ ಸಿದ್ಧ, ಜುಲೈ 10ಕ್ಕೆ ಪಡೆದಿರಿ ಎನ್ನಿ. ಸಿಗುವುದು 15 ದಿನ, ಕೊನೆಯ ದಿನ ಸೆಪ್ಟೆಂಬರ್ 23. ಪಡೆದ ದಿನದವರೆಗೆ ಎಣಿಸಿ 25 ದಿನ ಅಂದುಕೊಂಡವರು ಅಕ್ಟೋಬರ್ 3ಕ್ಕೆ ಹೋಗುತ್ತಾರೆ. ಆಗ 10 ದಿನದ ವಿಳಂಬ ಅಂತ ಕಚೇರಿ ಆಕ್ಷೇಪಣೆ ಹಾಕುತ್ತದೆ. ಕೊನೆಯ ದಿನ ಕೋರ್ಟಿನ ರಜೆಯಲ್ಲಿ ಬಿದ್ದರೆ ಮತ್ತೆ ತೆರೆದ ದಿನವೇ ಹಾಕಬಹುದು, ಅದು 4ನೇ ಕಲಂ. ಆದರೆ ಆ ದಿನವೇ, ಮಾರನೆಯ ದಿನ ಅಲ್ಲ.

ಇನ್ನೊಂದು. ತೀರ್ಪಿನ ಜೊತೆಗೆ ಡಿಕ್ರಿಯ ನಕಲಿಗೂ ಒಂದೇ ಅರ್ಜಿಯಲ್ಲಿ ಕೇಳಿ. ಡಿಕ್ರಿ ಬರೆಯುವುದು ತಡವಾಗಿದೆ, ಬರೆದ ಮೇಲೆ ಅರ್ಜಿ ಕೊಡೋಣ ಎಂದು ಕಾಯಬೇಡಿ. ನಕಲಿಗೆ ಅರ್ಜಿ ಹಾಕುವ ಮೊದಲು ಡಿಕ್ರಿ ತಯಾರಿಗೆ ಹಿಡಿದ ಕಾಲವನ್ನು ಕಳೆಯುವಂತಿಲ್ಲ ಎಂದು 12ನೇ ಕಲಮಿನ ವಿವರಣೆಯಲ್ಲೇ ಇದೆ.

ಧಾರವಾಡ_ಪೀಠ:
ಬರೋಬರಿ ಹೇಳೀರಿ. ವಿಳಂಬದ ಬಗ್ಗೆ ಒಂದು ಮಾತು ಸೇರಿಸ್ತೀನಿ. 90 ದಿನ ದಾಟಿದ್ರ ಕಾಲಮಿತಿ ಕಾಯಿದೆ 5ನೇ ಕಲಂ ಕೆಳಗ ಐಎ (ಮಧ್ಯಂತರ ಅರ್ಜಿ) ಹಾಕಬೇಕು, ಮೇಲ್ಮನವಿ ಜೋಡೀನೇ, ಪ್ರಮಾಣಪತ್ರ ಸಮೇತ. ಸಿವಿಲ್ ಪ್ರಕ್ರಿಯಾ ಸಂಹಿತೆ ಆದೇಶ 41 ನಿಯಮ 3ಎ ಅದನ್ನ ಕಡ್ಡಾಯ ಮಾಡೇತಿ. ಅದರ 3ನೇ ಉಪನಿಯಮ ಬಹಳ ಮಂದಿಗೆ ಗೊತ್ತಿರೂದಿಲ್ಲ: ವಿಳಂಬದ ಅರ್ಜಿ ಇದ್ದಾಗ, ಅಪೀಲು ವಿಚಾರಣೆಗೆ ತಗೊಳ್ತೀವಿ ಅಂತ ನಿಯಮ 11ರ ಕೆಳಗ ನಿರ್ಧಾರ ಆಗೂತನಕ ಡಿಕ್ರಿ ಅಮಲಿಗೆ ಸ್ಟೇ ಕೊಡೂ ಹಂಗಿಲ್ಲ. 40 ದಿನ ತಡಾ ಆಗಿ ಬಂದವರು ವಿಳಂಬದ ಐಎ ಇತ್ಯರ್ಥ ಆಗೂತನಕ ಬರಿಗೈಲೇ ನಿಂತಿರ್ತಾರ. ಅಷ್ಟರಾಗ ಆ ಕಡೆ ಅಮಲು ಅರ್ಜಿ ಓಡ್ತಿರ್ತೈತಿ.

ಪ್ರಮಾಣಪತ್ರದಾಗ "ಆರೋಗ್ಯ ಸರಿ ಇರಲಿಲ್ಲ" ಅಂತ ಒಂದು ಸಾಲು ಬರದ್ರ ನಡಿಯೂದಿಲ್ಲ. ಎಂದಿನಿಂದ ಎಂದಿನವರೆಗೆ, ಯಾವ ಆಸ್ಪತ್ರಿ, ಕಾಗದ ಎಲ್ಲಿ, ತೀರ್ಪು ಆಗಿದ್ದು ಎಂದು ಗೊತ್ತಾತು, ಇಷ್ಟೂ ಬೇಕು. ತಡದ ದಿನಗಳ ಸಂಖ್ಯೆ ಕಚೇರಿ ಲೆಕ್ಕಕ್ಕ ತಾಳಿ ಆಗಬೇಕು.

ಎಲ್ಲಿ ಹಾಕಬೇಕು ಅನ್ನೂದೂ ನೋಡ್ರಿ. ತುಮಕೂರಿನವರಿಗೆ ಬೆಂಗಳೂರಿನ ಪ್ರಧಾನ ಪೀಠ. ಬೆಳಗಾವಿ, ಬಾಗಲಕೋಟೆ, ಗದಗ, ಹಾವೇರಿ, ಕೊಪ್ಪಳ, ಬಳ್ಳಾರಿ, ಉತ್ತರ ಕನ್ನಡ ನಮ್ಮ ಧಾರವಾಡ ಪೀಠಕ್ಕ. ಬೀದರ, ರಾಯಚೂರು, ಯಾದಗಿರಿ, ವಿಜಯಪುರದವರು ಕಲಬುರಗಿಗೆ ಹೋಗಬೇಕು.

ಅಪೀಲು_ಕಡತ:
ಈಗ ವಿಲ್‌ಗೆ ಬರೋಣ. ಜೀವವೆಲ್ಲ ಇಲ್ಲೇ ಇದೆ.

ವಿಲ್‌ಗೆ ಕನಿಷ್ಠ ಇಬ್ಬರು ಸಾಕ್ಷಿ ಹಾಕಿರಬೇಕು ಎನ್ನುವುದು 1925ರ ಭಾರತೀಯ ಉತ್ತರಾಧಿಕಾರ ಕಾಯಿದೆಯ 63ನೇ ಕಲಂ. ಅವರಲ್ಲಿ ಒಬ್ಬರಾದರೂ ಬದುಕಿದ್ದು, ಕೋರ್ಟಿನ ಸಮನ್ಸಿಗೆ ಸಿಗುವಂತಿದ್ದು, ಸಾಕ್ಷಿ ನುಡಿಯಬಲ್ಲರಾದರೆ ಅವರನ್ನು ಕರೆಸಲೇಬೇಕು ಎನ್ನುವುದು ಸಾಕ್ಷ್ಯ ಕಾಯಿದೆಯ 68ನೇ ಕಲಂ. ಉಳಿದ ನೋಂದಾಯಿತ ಪತ್ರಗಳಿಗೆ, ಬರೆದುಕೊಟ್ಟವರು ನಿರಾಕರಿಸದಿದ್ದರೆ, ಒಂದು ವಿನಾಯಿತಿ ಇದೆ. ವಿಲ್‌ಗೆ ಅದೂ ಇಲ್ಲ. ನೋಂದಣಿಯಾದ ಮಾತ್ರಕ್ಕೆ ವಿಲ್ ಸಾಬೀತಾಗುವುದಿಲ್ಲ. ಸಾಕ್ಷಿಗಳು ಸತ್ತಿದ್ದರೆ ಅಥವಾ ಸಿಗದಿದ್ದರೆ 69ನೇ ಕಲಂ ದಾರಿ ಬಿಡುತ್ತದೆ: ಒಬ್ಬ ಸಾಕ್ಷಿಯ ಕೈಬರಹವನ್ನೂ ಬರೆದುಕೊಟ್ಟವರ ಸಹಿಯನ್ನೂ ಗುರುತಿಸುವವರನ್ನು ಕರೆಸಬೇಕು. ಆದರೆ ಅವರು ಸಿಗುವುದಿಲ್ಲ ಎಂಬುದನ್ನು ಮೊದಲು ದಾಖಲೆಗೆ ತಂದಿರಬೇಕು. ಈಗ 1-7-2024ರಿಂದ ಭಾರತೀಯ ಸಾಕ್ಷ್ಯ ಅಧಿನಿಯಮ ಬಂದಿದೆ, ಅದರಲ್ಲಿ ಇವೇ ವಿಷಯ 67 ಮತ್ತು 68ನೇ ಕಲಂಗಳಲ್ಲಿವೆ. ಆ ದಿನಕ್ಕೆ ಮೊದಲೇ ನಡೆಯುತ್ತಿದ್ದ ದಾವೆಗೆ ಹಳೆಯ ಕಾಯಿದೆಯೇ ಅನ್ವಯ.

ಪತ್ರ ಬರೆದವರು ಬರೆದವರಷ್ಟೇ. ಸಾಕ್ಷಿಯಾಗುವ ಉದ್ದೇಶದಿಂದಲೇ ಸಹಿ ಹಾಕಿದ್ದರೆ ಮಾತ್ರ ಅವರನ್ನು ಸಾಕ್ಷಿ ಎಂದು ಪರಿಗಣಿಸಬಹುದು. ಡಿಡಬ್ಲ್ಯು 2 ಹೇಳಿಕೆಯನ್ನು ಪದ ಪದ ಓದಿ. "ತಂದೆ ನನ್ನೆದುರು ಸಹಿ ಮಾಡಿದರು, ಸಾಕ್ಷಿಗಳೂ ತಂದೆಯ ಎದುರೇ ಸಹಿ ಮಾಡಿದರು" ಎಂದು ಹೇಳಿದ್ದಾರೋ, ಬರೀ "ನಾನು ಬರೆದೆ" ಎಂದಿದ್ದಾರೋ?

ಇದರಿಂದ ಪ್ರಶ್ನೆ ಹೇಗೆ ರೂಪುಗೊಳ್ಳುತ್ತದೆ ನೋಡಿ. ಕೆಟ್ಟ ಪ್ರಶ್ನೆ ಹೀಗಿರುತ್ತದೆ: "ಮೊದಲ ಅಪೀಲು ನ್ಯಾಯಾಲಯವು ಸಾಕ್ಷ್ಯವನ್ನು ಸರಿಯಾಗಿ ಪರಿಶೀಲಿಸದೆ ತೀರ್ಪು ನೀಡಿದ್ದು ಸರಿಯೇ?" ಇದು ಯಾವ ದಾವೆಗೆ ಬೇಕಾದರೂ ಅಂಟುತ್ತದೆ, ಆದ್ದರಿಂದ ಯಾವುದಕ್ಕೂ ಅಂಟುವುದಿಲ್ಲ. ಒಳ್ಳೆಯದು ಹೀಗೆ: "ನಿಶಾನೆ ಡಿ.3 ವಿಲ್‌ನ ಸಾಕ್ಷಿಗಳಲ್ಲಿ ಒಬ್ಬರನ್ನೂ ವಿಚಾರಣೆ ಮಾಡದೆ, ಅವರು ಲಭ್ಯವಿಲ್ಲ ಎಂಬುದನ್ನೂ ತೋರಿಸದೆ ಇರುವಾಗ, ನೋಂದಣಿ ಮತ್ತು ಪತ್ರ ಬರೆದವರ ಹೇಳಿಕೆಯ ಮೇಲೆಯೇ ವಿಲ್ ಸಾಬೀತಾಗಿದೆ ಎಂದು ತೀರ್ಮಾನಿಸಿದ್ದು ಸಾಕ್ಷ್ಯ ಕಾಯಿದೆಯ 68ನೇ ಕಲಮಿಗೆ ವಿರುದ್ಧವಲ್ಲವೇ?" ಇದರಲ್ಲಿ ದಾಖಲೆ ಇದೆ, ಒಪ್ಪಿತ ಸಂಗತಿ ಇದೆ, ಕಲಂ ಇದೆ. ಉತ್ತರ ನಿಮ್ಮ ಕಡೆ ಬಂದರೆ ಫಲಿತಾಂಶ ಬದಲಾಗುತ್ತದೆ. ಆ ಕೊನೆಯದೇ ಮುಖ್ಯ. ಉತ್ತರ ಏನಾದರೂ ಡಿಕ್ರಿ ಬದಲಾಗುವುದಿಲ್ಲ ಎಂದಾದರೆ ಆ ಪ್ರಶ್ನೆ ಮಹತ್ವದ್ದಲ್ಲ.

ಭೂದಾಖಲೆ:
ವಿಲ್ ಪೂರ್ತಿ ಸಾಬೀತಾಯಿತು ಅಂತಲೇ ಇಟ್ಟುಕೊಳ್ಳಿ. ಆಗಲೂ ದಾವೆ ಪೂರಾ ವಜಾ ಆಗುವುದು ಹೇಗೆ? ಜಮೀನು ಪಿತ್ರಾರ್ಜಿತ, ಅಣ್ಣನೇ ಒಪ್ಪಿದ್ದಾರೆ. ತಂದೆ ತನ್ನ ಪಾಲನ್ನು ಮಾತ್ರ ವಿಲ್ ಮಾಡಬಹುದು, ಹಿಂದೂ ಉತ್ತರಾಧಿಕಾರ ಕಾಯಿದೆಯ 30ನೇ ಕಲಂ. ಹೆಣ್ಣುಮಕ್ಕಳಿಗೂ ಮಗನಷ್ಟೇ ಪಾಲು ಕೊಟ್ಟ 6ನೇ ಕಲಂ ತಿದ್ದುಪಡಿ 9-9-2005ರಂದು ಜಾರಿಗೆ ಬಂದಾಗ ತಂದೆ ಬದುಕಿದ್ದರು. ಹಾಗೆ ಬದುಕಿರಬೇಕು ಎಂಬ ಷರತ್ತನ್ನೂ 11-8-2020ರ ವಿನೀತಾ ಶರ್ಮಾ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ತೆಗೆದುಹಾಕಿದೆ, ಹೆಣ್ಣುಮಕ್ಕಳ ಹಕ್ಕು ಹುಟ್ಟಿನಿಂದಲೇ. ಅಂದರೆ ತಂದೆ, ಮಗ, ಇಬ್ಬರು ಹೆಣ್ಣುಮಕ್ಕಳು, ನಾಲ್ಕು ಪಾಲು. 94 ಗುಂಟೆಯಲ್ಲಿ ತಲಾ 23 ಗುಂಟೆ 8 ಆಣೆ. ವಿಲ್ ನಿಂತರೂ ತಂದೆಯ ಆ 23 ಗುಂಟೆ 8 ಆಣೆಯಷ್ಟೇ ಮಗನಿಗೆ ಹೋಗುತ್ತದೆ, ಹೆಣ್ಣುಮಕ್ಕಳದು ಅವರಿಗೇ. ವಿಲ್ ಬಿದ್ದರೆ ಮೂವರಿಗೂ 31 ಗುಂಟೆ ಚಿಲ್ಲರೆ.

ಅಪೀಲು_ಕಡತ:
ಭೂದಾಖಲೆ ಸರ್ ಹೇಳಿದ್ದು ತುಂಬಾ ಗಟ್ಟಿ ಅಂಶ. ಎರಡನೇ ಪ್ರಶ್ನೆಯಾಗಿ ಖಂಡಿತ ಹಾಕಿ. ಒಂದೇ ಎಚ್ಚರಿಕೆ: ಪಿತ್ರಾರ್ಜಿತ ಎನ್ನುವುದು ವಾದಪತ್ರದಲ್ಲೂ ಇರಬೇಕು. ದಾವೆಯಲ್ಲಿ ಎತ್ತದ, ಹೊಸ ಸಂಗತಿ ಸಾಬೀತು ಮಾಡಬೇಕಾದ ವಿಷಯವನ್ನು ಆರ್‌ಎಸ್‌ಎನಲ್ಲಿ ಮೊದಲ ಬಾರಿ ತಂದರೆ ಕೇಳುವುದಿಲ್ಲ. ಒಪ್ಪಿತ ಸಂಗತಿಯ ಮೇಲೆ ನಿಂತ ಶುದ್ಧ ಕಾನೂನು ಪ್ರಶ್ನೆಯಾದರೆ ಕೇಳಬಹುದು. ಹಿಂದೆ ಯಾವಾಗಲಾದರೂ ನೋಂದಾಯಿತ ವಿಭಾಗಪತ್ರ ಆಗಿದೆಯಾ ನೋಡಿ. 20-12-2004ಕ್ಕೆ ಮೊದಲೇ ನಿಜವಾಗಿ ಆಗಿಹೋದ ವಿಭಾಗ, ಮಾರಾಟ, ವಿಲ್ ಮೂಲಕದ ವಿಲೇವಾರಿಗೆ 6ನೇ ಕಲಂ ರಕ್ಷಣೆ ಕೊಡುತ್ತದೆ. ಇಲ್ಲಿ ವಿಲ್ ಬರೆದದ್ದು 1998 ಆದರೂ ಅದು ಜೀವ ತಳೆಯುವುದು 2006ರಲ್ಲಿ, ತಂದೆ ಸತ್ತಾಗ. ಎದುರಾಳಿ ಈ ದಿನಾಂಕ ಹಿಡಿದು ವಾದ ಮಾಡಿಯೇ ಮಾಡುತ್ತಾರೆ, ಉತ್ತರ ಸಿದ್ಧ ಇಟ್ಟುಕೊಳ್ಳಿ.

ಕಲಿಕೆ_ಎಲ್‌ಎಲ್‌ಬಿ:
ಸರ್, ಎರಡೂ ಕೋರ್ಟುಗಳ ತೀರ್ಪು ಒಂದೇ ಥರ ಇದ್ದಾಗ ಮತ್ತು ಹೀಗೆ ಉಲ್ಟಾ ಆದಾಗ ವ್ಯತ್ಯಾಸ ಇದೆಯೇ?

ಅಪೀಲು_ಕಡತ:
ಇದೆ ಮೇಡಂ. ಎರಡೂ ಕೋರ್ಟು ಒಂದೇ ಮಾತು ಹೇಳಿದ್ದರೆ, ಅಂದರೆ ಕನ್‌ಕರೆಂಟ್ ಫೈಂಡಿಂಗ್ಸ್ ಇದ್ದರೆ, ಗೋಡೆ ಎತ್ತರ. ಸಂಗತಿಯ ಮೇಲಿನ ತೀರ್ಮಾನ ತಪ್ಪಾಗಿದ್ದರೂ ಹೈಕೋರ್ಟ್ ಸಾಮಾನ್ಯವಾಗಿ ಕೈಹಾಕುವುದಿಲ್ಲ. ಫಲಿತಾಂಶವನ್ನೇ ಬದಲಿಸಬಲ್ಲ ಸಾಕ್ಷ್ಯವನ್ನು ನೋಡದೇ ಬಿಟ್ಟಿದ್ದರೆ, ಇಲ್ಲವೇ ಅಂಗೀಕಾರಾರ್ಹವಲ್ಲದ ಸಾಕ್ಷ್ಯದ ಮೇಲೆ ತೀರ್ಪು ನಿಂತಿದ್ದರೆ ಮಾತು ಬೇರೆ. ಸುಪ್ರೀಂ ಕೋರ್ಟಿನ 1999ರ ಈಶ್ವರ್ ದಾಸ್ ಜೈನ್ ತೀರ್ಪು ಈ ಎರಡು ಸಂದರ್ಭಗಳನ್ನು ಹೇಳುತ್ತದೆ. ನೋಂದಣಿಯಾಗದ ಪಾಲುಪಟ್ಟಿಯನ್ನು ಹಕ್ಕಿನ ಆಧಾರವಾಗಿ ಒಪ್ಪಿಕೊಳ್ಳುವುದು, ಮ್ಯುಟೇಶನ್ ಒಂದನ್ನೇ ಹಿಡಿದು ಮಾಲೀಕತ್ವ ಕೊಡುವುದು, ಇಂಥವು ಆಸ್ತಿ ದಾವೆಗಳಲ್ಲಿ ಮತ್ತೆ ಮತ್ತೆ ಕಾಣಸಿಗುತ್ತವೆ.

ತೀರ್ಪು ಉಲ್ಟಾ ಆದಾಗ ಮೊದಲ ಅಪೀಲು ಕೋರ್ಟಿನ ಹೊಣೆ ಹೆಚ್ಚು. ವಿಚಾರಣಾ ಕೋರ್ಟು ಕೊಟ್ಟ ಕಾರಣಗಳ ಹತ್ತಿರಕ್ಕೇ ಹೋಗಿ, ಅವು ಯಾಕೆ ನಿಲ್ಲುವುದಿಲ್ಲ ಎಂದು ತನ್ನ ಕಾರಣ ಬರೆಯಬೇಕು ಎಂದು 2001ರ ಸಂತೋಷ್ ಹಜಾರಿ ತೀರ್ಪು ಸ್ಪಷ್ಟವಾಗಿ ಹೇಳಿದೆ. ಆದೇಶ 41 ನಿಯಮ 31ರ ಪ್ರಕಾರ ಆ ತೀರ್ಪಿನಲ್ಲಿ ನಿರ್ಣಯಿಸಬೇಕಾದ ಅಂಶಗಳು, ಅವುಗಳ ಮೇಲಿನ ನಿರ್ಣಯ, ಕಾರಣ, ಕೊಡುವ ಪರಿಹಾರ, ನಾಲ್ಕೂ ಇರಬೇಕು. ಆರ್‌ಎ ತೀರ್ಪನ್ನು ಪೆನ್ಸಿಲ್ ಹಿಡಿದು ಓದಿ. "ಈ ತೀರ್ಪಿನಲ್ಲಿ ಹಸ್ತಕ್ಷೇಪ ಅಗತ್ಯವೇ?" ಎಂಬ ಒಂದೇ ಅಂಶ ಹಾಕಿಕೊಂಡು, ಹತ್ತು ಪುಟ ಎರಡೂ ಕಡೆಯ ಪ್ಲೀಡಿಂಗ್ಸ್ (ವಾದಪತ್ರ, ಲಿಖಿತ ಹೇಳಿಕೆ) ನಕಲು ಮಾಡಿ, ಕೊನೆಯ ಒಂದು ಪ್ಯಾರಾದಲ್ಲಿ ಫಲಿತಾಂಶ ಹೇಳಿದ್ದರೆ ಅದೇ ಒಂದು ಕಾನೂನು ಪ್ರಶ್ನೆ. ಆದರೆ ಅದೊಂದನ್ನೇ ನೆಚ್ಚಿಕೊಂಡರೆ ಪ್ರಕರಣ ಮರುವಿಚಾರಣೆಗೆ ಹಿಂದಕ್ಕೆ ಹೋಗುತ್ತದೆ, ಮತ್ತೆ ವರ್ಷಗಟ್ಟಲೆ. ವಿಲ್ ಪ್ರಶ್ನೆಯನ್ನೇ ಮುಂದಿಡಿ, ಇದನ್ನು ಹಿಂದೆ ಇಡಿ.

ತೆಂಗಿನತೋಟ:
ಸ್ಟೇ ವಿಷಯ ಯಾರೂ ಹೇಳಲಿಲ್ಲ. ಅಣ್ಣ ಜಮೀನು ಮಾರಲು ಓಡಾಡುತ್ತಿದ್ದಾರೆ.

ಧಾರವಾಡ_ಪೀಠ:
ಇಲ್ಲಿ ಸ್ಟೇ ಕೇಳಿ ಉಪಯೋಗ ಇಲ್ರಿ. ದಾವೆ ವಜಾ ಆಗೇತಿ, ಅಮಲು ಮಾಡೂ ಡಿಕ್ರಿನೇ ಇಲ್ಲ, ಏನನ್ನ ತಡೆಹಿಡೀತೀರಿ? ವಜಾ ಆದ ಡಿಕ್ರಿಗೆ ಸ್ಟೇ ತಗೊಂಡ್ರೂ ಕೆಳಗಿನ ಕೋರ್ಟಿನ ಪಾಲಿನ ಡಿಕ್ರಿ ತಾನಾಗೇ ಎದ್ದು ಕೂಡೂದಿಲ್ಲ. ನಿಮಗ ಬೇಕಾದ್ದು ಆದೇಶ 39ರ ಕೆಳಗ ಪರಭಾರೆ ಮಾಡದಂಗ ತಾತ್ಕಾಲಿಕ ಪ್ರತಿಬಂಧಕಾಜ್ಞೆ. ಮೇಲ್ಮನವಿ ಜೋಡೀನೇ ಆ ಐಎ ಹಾಕ್ರಿ. ಷೆಡ್ಯೂಲಿನಾಗ ಸರ್ವೆ ನಂಬರ್, ಹಿಸ್ಸಾ, ವಿಸ್ತೀರ್ಣ, ಚಕ್ಕುಬಂದಿ ವಾದಪತ್ರದಾಗ ಇದ್ದಂಗ ಇರಲಿ. ಹಿಸ್ಸಾ ನಂಬರ್ ಒಂದು ತಪ್ಪಿದ್ರ ಉಪನೋಂದಣಿ ಕಚೇರಿಯಾಗ ಆ ಆದೇಶ ತೋರಿಸಿ ಪ್ರಯೋಜನ ಆಗೂದಿಲ್ಲ. ಆದೇಶ ಸಿಕ್ಕ ಕೂಡ್ಲೇ ದೃಢೀಕೃತ ನಕಲನ್ನ ಉಪನೋಂದಣಾಧಿಕಾರಿಗೂ ತಹಶೀಲ್ದಾರ್ ಕಚೇರಿಗೂ ಕೊಟ್ಟು ಸ್ವೀಕೃತಿ ತಗೋರಿ.

ಅಷ್ಟರಾಗ ಮಾರಿದ್ರೂ ಸ್ವತ್ತು ವರ್ಗಾವಣೆ ಕಾಯಿದೆ 52ನೇ ಕಲಂ ಐತಿ. ಕೊಂಡವರು ಅಪೀಲಿನ ಫಲಿತಾಂಶಕ್ಕ ಬದ್ಧರು. ಮಾರಾಟ ಶೂನ್ಯ ಆಗೂದಿಲ್ಲ, ಆದ್ರ ನಿಮ್ಮ ಪಾಲಿಗೆ ಅದು ಅಡ್ಡಿನೂ ಆಗೂದಿಲ್ಲ.

ಸ್ಟೇ ಬೇಕಾಗೂದು ಇದರ ಉಲ್ಟಾ ಪ್ರಕರಣದಾಗ. ಪಾಲಿನ ಪ್ರಾಥಮಿಕ ಡಿಕ್ರಿ ಆಗಿ, ಎಫ್‌ಡಿಪಿ (ಅಂತಿಮ ಡಿಕ್ರಿ ಪ್ರಕ್ರಿಯೆ) ಶುರುವಾಗಿ, ಕಮಿಷನರ್ ಅಳತಿಗೆ ಬರೂ ಹೊತ್ತಿನಾಗ ಅಪೀಲು ಹಾಕಿದವರಿಗೆ. ಅಪೀಲು ಹಾಕಿದ್ದೇ ಸ್ಟೇ ಅಂತ ತಿಳ್ಕೊಂಡು ಮನಿಯಾಗ ಕುಂತರ ಜಮೀನು ಕೈಬಿಡತೈತಿ. ಮತ್ತ ಪ್ರಾಥಮಿಕ ಡಿಕ್ರಿಗೆ ಅಪೀಲು ಹಾಕದವರು ಅಂತಿಮ ಡಿಕ್ರಿ ಅಪೀಲಿನಾಗ ಅದರ ತಪ್ಪು ಎತ್ತೂ ಹಂಗಿಲ್ಲ, ಸಿವಿಲ್ ಪ್ರಕ್ರಿಯಾ ಸಂಹಿತೆ 97ನೇ ಕಲಂ.

ನಕಲು_ವಿಭಾಗ:
ಕಾಗದಗಳು: ಆರ್‌ಎ ತೀರ್ಪು ಮತ್ತು ಡಿಕ್ರಿ, ಒಎಸ್ ತೀರ್ಪು ಮತ್ತು ಡಿಕ್ರಿ, ನಾಲ್ಕೂ ದೃಢೀಕೃತ. ವಕಾಲತ್ತಿಗೆ ಇಬ್ಬರೂ ಹೆಣ್ಣುಮಕ್ಕಳ ಸಹಿ. ವಾದಪತ್ರ, ಲಿಖಿತ ಹೇಳಿಕೆ, ಡಿಡಬ್ಲ್ಯು 2 ಹೇಳಿಕೆ, ವಿಲ್, ಇವುಗಳ ನಕಲನ್ನು ಈಗಲೇ ತೆಗೆಸಿಡಿ. ವಿಚಾರಣಾ ನ್ಯಾಯಾಲಯದ ಕಡತ ತರಿಸಿಕೊಳ್ಳುವುದು ಸಾಮಾನ್ಯವಾಗಿ ಆಮೇಲಿನ ಮಾತು, ಅಡ್ಮಿಷನ್ ದಿನ (ಅಪೀಲನ್ನು ವಿಚಾರಣೆಗೆ ತೆಗೆದುಕೊಳ್ಳಬೇಕೇ ಎಂದು ನೋಡುವ ದಿನ) ನಿಮ್ಮ ವಕೀಲರ ಕೈಯಲ್ಲಿ ಇರುವುದು ಇವಿಷ್ಟೇ. ಕನ್ನಡದ ಹೇಳಿಕೆಗಳಿಗೆ ಟೈಪ್ ಮಾಡಿಸಿದ ಓದಬಲ್ಲ ಪ್ರತಿ ಇರಲಿ. ಕೋರ್ಟು ಶುಲ್ಕ 1958ರ ಕರ್ನಾಟಕ ಕಾಯಿದೆಯ 49ನೇ ಕಲಂ ಪ್ರಕಾರ ಮೂಲ ದಾವೆಗೆ ಎಷ್ಟೋ ಅಷ್ಟೇ, ಅಪೀಲಿನ ವಿಷಯದ ಮಟ್ಟಿಗೆ. ಹೆಣ್ಣುಮಕ್ಕಳಿಗೆ ಆದಾಯದ ಮಿತಿಯಿಲ್ಲದೆ ಉಚಿತ ಕಾನೂನು ನೆರವು ಸಿಗುತ್ತದೆ, ಹೈಕೋರ್ಟ್ ಕಾನೂನು ಸೇವಾ ಸಮಿತಿಗೆ ಅರ್ಜಿ ಕೊಡಬಹುದು.

ಪಕ್ಷಗಾರರೆಲ್ಲ ಬದುಕಿದ್ದಾರೆಯೇ ಎಂದು ಹಾಕುವ ಮುಂಚೆ ವಿಚಾರಿಸಿ. ಸತ್ತವರ ಹೆಸರಿನ ಮೇಲೆ ಅಪೀಲು ಹಾಕಿದರೆ ಅದು ಅವರ ವಾರಸುದಾರರಿಗೆ ತಟ್ಟುವುದಿಲ್ಲ. ಅಪೀಲು ನಡೆಯುವಾಗ ಯಾರಾದರೂ ತೀರಿಕೊಂಡರೆ 90 ದಿನದಲ್ಲಿ ವಾರಸುದಾರರನ್ನು ತರಬೇಕು, ಇಲ್ಲದಿದ್ದರೆ ಅಬೇಟ್, ಅಂದರೆ ಅವರ ಮಟ್ಟಿಗೆ ಅಪೀಲು ತಾನಾಗಿಯೇ ಮುಗಿದುಹೋಗುತ್ತದೆ. ಅದನ್ನು ರದ್ದು ಮಾಡಿಸಲು ಇನ್ನು 60 ದಿನ. ಭಾಗದ ದಾವೆಯಲ್ಲಿ ಒಬ್ಬರ ಮಟ್ಟಿಗೆ ಅಬೇಟ್ ಆದದ್ದು ಇಡೀ ಅಪೀಲನ್ನೇ ಮುಳುಗಿಸಬಹುದು.

ಕಲಿಕೆ_ಎಲ್‌ಎಲ್‌ಬಿ:
ಎದುರಾಳಿ ಈಗ ಸಾಕ್ಷಿಯನ್ನು ಕರೆಸುತ್ತೇನೆ ಎಂದು ಹೈಕೋರ್ಟಿನಲ್ಲಿ ಅರ್ಜಿ ಹಾಕಿದರೆ?

ಅಪೀಲು_ಕಡತ:
ಹಾಕುವ ಸಾಧ್ಯತೆ ಇದೆ, ಆದೇಶ 41 ನಿಯಮ 27. ಆದರೆ ಕೆಳಗಿನ ಕೋರ್ಟು ತಪ್ಪಾಗಿ ನಿರಾಕರಿಸಿತ್ತು, ಇಲ್ಲವೇ ಶ್ರದ್ಧೆಯಿಂದ ಹುಡುಕಿದರೂ ಆಗ ಸಿಕ್ಕಿರಲಿಲ್ಲ ಎಂದು ತೋರಿಸಬೇಕು, ಅಥವಾ ತೀರ್ಪು ಕೊಡಲು ನ್ಯಾಯಾಲಯಕ್ಕೇ ಅದು ಬೇಕೆನಿಸಬೇಕು. ಬಿಟ್ಟುಹೋದ ಲೋಪ ಮುಚ್ಚಿಕೊಳ್ಳಲು ಆ ನಿಯಮ ಇಲ್ಲ. ಸಾಕ್ಷಿಗಳು ಅದೇ ಊರಿನಲ್ಲಿ ಇದ್ದರು ಎನ್ನಲು ಡಿಡಬ್ಲ್ಯು 1 ಪಾಟಿಸವಾಲಿನಲ್ಲಿ ಒಂದು ಸಾಲು ಸಿಕ್ಕರೂ ಸಾಕು, ಅದನ್ನು ಹುಡುಕಿ.

ತೆಂಗಿನತೋಟ:
ಪಾಟಿಸವಾಲು ಈಗ ನೋಡಿದೆ. "ಸಾಕ್ಷಿ ಹಾಕಿದ ಒಬ್ಬರು ಈಗಲೂ ನಮ್ಮ ಊರಲ್ಲೇ ಇದ್ದಾರೆ" ಅಂತ ಅಣ್ಣನೇ ಹೇಳಿದ್ದಾರೆ. ನಕಲಿನ ಹಿಂದೆ ಅರ್ಜಿ ಜೂನ್ 12, ಸಿದ್ಧ ಜೂನ್ 20 ಅಂತ ಇದೆ. ಶುಲ್ಕ ಕೇಳಿದ ದಿನವೇ ಕಟ್ಟಿದ್ದೇವೆ.

ನಕಲು_ವಿಭಾಗ:
ಹಾಗಾದರೆ 9 ದಿನ. ಕೊನೆಯ ದಿನ ಸೆಪ್ಟೆಂಬರ್ 17. ಆದರೆ ಆರ್‌ಎ ಡಿಕ್ರಿಯ ನಕಲಿನ ಮೊಹರನ್ನೂ ಬೇರೆಯಾಗಿ ನೋಡಿ.

ಅಪೀಲು_ಕಡತ:
ಪಾಟಿಸವಾಲಿನ ಆ ಸಾಲನ್ನು ಪ್ಯಾರಾ ನಂಬರ್ ಸಮೇತ ಮೇಲ್ಮನವಿಯ ಆಧಾರಗಳಲ್ಲಿ ಹಾಕಿಸಿ. ಸೆಪ್ಟೆಂಬರ್ ತನಕ ಕಾಯಬೇಡಿ, ಮಾರಾಟ ತಡೆಯುವ ಐಎ ಇರುವುದರಿಂದ ಈ ವಾರವೇ ವಕೀಲರ ಹತ್ತಿರ ಕೂತುಕೊಳ್ಳಿ.